ನೆರೆಯವರ ಸಾಕ್ಷಿ

ಸಿನಿಮಾ ಎಂಬ ಮಾತು ಕಿವಿಗೆ ಬಿದ್ದೊಡನೆ ಕಿರಿಯರ ಮುಖ ಅರಳುವುದೂ ಹಿರಿಯರ ಹುಬ್ಬು ಗಂಟಿಕ್ಕುವುದೂ ನಮ್ಮ ಮನೆಗಳಲ್ಲಿ ಇಂದಿಗೂ ಉಳಿದಿರುವ ರೂಢಿ. ಈ ತಿಂಗಳು ನಾವು ವಾಚಕರ ಮುಂದಿಡಬೇಕೆಂದಿರುವ ಸಿನಿಮಾ ಜಾತಿಯು ಇಬ್ಬರಿಗೂ ಅಷ್ಟಾಗಿ ಪರಿಚಯವಿಲ್ಲದ್ದು. ಇದರಲ್ಲಿ ನಾಯಕನಿಲ್ಲ, ನಾಯಕಿಯಿಲ್ಲ, ಕುಣಿತವಿಲ್ಲ, ಹೊಡೆದಾಟವಿಲ್ಲ. ಬಣ್ಣ ಹಚ್ಚಿದ ನಟನ ಸ್ಥಾನದಲ್ಲಿ ಅಂಗಡಿಯ ಶೆಟ್ಟರು, ಹೂ ಮಾರುವ ತಾಯಿ, ಕಬ್ಬಿಣ ಕಟ್ಟುವ ಕೂಲಿಯವನು, ಕಚೇರಿಯ ಅಧಿಕಾರಿ ಇವರೇ ನಿಂತು ತಂತಮ್ಮ ಮಾತನ್ನು ತಾವೇ ಆಡುತ್ತಾರೆ. ಇದಕ್ಕೆ ಕನ್ನಡದಲ್ಲಿ ಸಾಕ್ಷ್ಯಚಿತ್ರವೆಂದು ಹೆಸರು ಬಂದಿದೆ.

ಹೆಸರು ಬಹು ಸೊಗಸಾಗಿದೆ. ಇಂಗ್ಲಿಷಿನವರು ಇದನ್ನು ಡಾಕ್ಯುಮೆಂಟರಿ ಎನ್ನುತ್ತಾರೆ. ಆ ಮಾತನ್ನು ಚಲನಚಿತ್ರಕ್ಕೆ ಮೊದಲು ಪ್ರಚುರವಾಗಿ ಬಳಸಿದವನು ಜಾನ್ ಗ್ರಿಯರ್ಸನ್ ಎಂಬ ಸ್ಕಾಟ್ಲೆಂಡಿನವನು. 1926ರಲ್ಲಿ, ರಾಬರ್ಟ್ ಫ್ಲಾಹರ್ಟಿಯ ಒಂದು ಚಿತ್ರದ ವಿಮರ್ಶೆಯನ್ನು ನ್ಯೂಯಾರ್ಕಿನ ಪತ್ರಿಕೆಗೆ ಬರೆಯುವಾಗ. ಅವರ ಮಾತಿನಲ್ಲಿ ದಾಖಲೆಯ ಭಾವನೆ ಇದೆ. ನಮ್ಮ ಮಾತಿನಲ್ಲಿ ಸಾಕ್ಷಿಯ ಭಾವನೆ. ದಾಖಲೆಯಾದರೋ ಪೆಟ್ಟಿಗೆಯೊಳಗೆ ಸುಮ್ಮನೆ ಮಲಗಿರತಕ್ಕದ್ದು; ಗೆದ್ದಲು ತಿಂದರೂ ಅದು ಕೂಗಿಕೊಳ್ಳುವುದಿಲ್ಲ. ಸಾಕ್ಷಿ ಹಾಗಲ್ಲ. ಅವನು ನಿಂತು ಹೇಳಬೇಕು, ಕೇಳಿದ ಪ್ರಶ್ನೆಗೆ ಉತ್ತರ ಕೊಡಬೇಕು. ಪಾಣಿನಿಯು ಈ ಶಬ್ದಕ್ಕಾಗಿಯೇ ಒಂದು ಸೂತ್ರವನ್ನು ಮೀಸಲಿಟ್ಟಿದ್ದಾನೆ. ತನ್ನ ಕಣ್ಣಾರೆ ಕಂಡವನು ಯಾರೋ ಅವನೇ ಸಾಕ್ಷಿ ಎಂಬುದು ಅದರ ತಾತ್ಪರ್ಯ. ಇನ್ನೊಬ್ಬರಿಂದ ಕೇಳಿ ಬಂದವನಿಗೆ ಆ ಹೆಸರು ಸಲ್ಲದು.

ಇಂತಹ ಸಾಕ್ಷಿಗಳಲ್ಲಿ ಒಂದು ಪಂಗಡದವರು ನಮ್ಮ ಕುತೂಹಲವನ್ನು ಬಹಳವಾಗಿ ಸೆಳೆದಿದ್ದಾರೆ. ಇವರು ಕಾಡುಮೃಗಗಳ ಹಿಂದೆಯಾಗಲಿ ಮಹಾಪುರುಷರ ಹಿಂದೆಯಾಗಲಿ ಹೋಗುವವರಲ್ಲ. ಊರು ಬೆಳೆಯುವುದನ್ನು, ರಸ್ತೆ ಅಗಲವಾಗುವುದನ್ನು, ಸೇತುವೆ ಏಳುವುದನ್ನು, ಎದ್ದ ಸೇತುವೆ ಅರ್ಧಕ್ಕೆ ನಿಲ್ಲುವುದನ್ನು, ಅದರ ಸಲುವಾಗಿ ಮನೆ ಬೀಳುವುದನ್ನು ವರ್ಷಗಟ್ಟಲೆ ಕಾದು ಕುಳಿತು ನೋಡತಕ್ಕವರು. ನಮ್ಮ ನಾಡಿನಲ್ಲಿ ಈ ಬಗೆಯ ಕೆಲಸಕ್ಕೆ ಒಳ್ಳೆಯ ನಿದರ್ಶನವೊಂದಿದೆ. ಗೌತಮ್ ಸೊಂಟಿ ಮತ್ತು ಉಷಾ ರಾವ್ ಎಂಬಿಬ್ಬರು ಸೇರಿ 2014ರಲ್ಲಿ ಹೊರತಂದ ‘ಅವರ್ ಮೆಟ್ರೊಪೊಲಿಸ್’ ಎಂಬ ಚಿತ್ರವೇ ಅದು. ‘ನಮ್ಮ ಮಹಾನಗರ’ ಎಂದು ಅದರ ಅರ್ಥ. ಉಷಾ ರಾವ್ ಅವರು ಮಾನವಶಾಸ್ತ್ರವನ್ನು ಅಭ್ಯಾಸಮಾಡಿದವರು. ಸೊಂಟಿಯವರು ಇದಕ್ಕೆ ಮುಂಚೆ, 2006ರಲ್ಲಿ, ಕ್ಯಾರಲ್ ಉಪಾಧ್ಯ ಎಂಬ ವಿದುಷಿಯೊಡನೆ ಕೂಡಿ ಬೆಂಗಳೂರಿನ ಸಾಫ್ಟ್‌ವೇರ್ ಉದ್ಯೋಗಸ್ಥರ ಬಾಳನ್ನು ಕುರಿತು ಚಿತ್ರಗಳನ್ನು ಮಾಡಿದವರು. ಬೆಂಗಳೂರಿನಲ್ಲಿ ಮೆಟ್ರೋ ರೈಲಿನ ಕಾಮಗಾರಿ ಮೊದಲಾದ ಕಾಲದಲ್ಲಿ, 2008ರಿಂದ ಮುಂದಕ್ಕೆ ಸುಮಾರು ಐದು ವರ್ಷ, ಆ ನಗರವು ಹೊಸ ವೇಷವನ್ನು ತೊಡುವುದನ್ನು ಇವರು ಬಿಡದೆ ನೋಡಿದರು. ಐದು ವರ್ಷ ನೋಡಿದುದನ್ನು ಒಂದೂವರೆ ಗಂಟೆಗಿಂತ ಕಡಮೆಯಾದ ಅವಧಿಗೆ ಇಳಿಸಿದರು. ಉಳಿದುದರಲ್ಲಿ ಎಷ್ಟನ್ನು ಬಿಟ್ಟಿರಬೇಕು ಎಂಬುದನ್ನು, ಒಂದು ಕೊಳಗ ಮೊಗ್ಗಿನಿಂದ ಒಂದು ಮಾಲೆಯನ್ನು ಆರಿಸಿ ಕಟ್ಟುವ ನಮ್ಮೂರ ಹೆಣ್ಣುಮಕ್ಕಳು ಸುಲಭವಾಗಿ ಊಹಿಸಬಲ್ಲರು.

ಬೆಂಗಳೂರನ್ನು ಬಲ್ಲ ವಾಚಕರಿಗೆ ಮಹಾತ್ಮ ಗಾಂಧಿ ರಸ್ತೆಯ ಒಂದು ಪಕ್ಕದಲ್ಲಿ, ಸೈನ್ಯದ ಮೈದಾನದ ಅಂಚಿಗೆ, ಮರಗಳ ನೆರಳಿನಲ್ಲಿ ಎತ್ತರವಾಗಿ ಸಾಗಿದ್ದ ಕಾಲುದಾರಿಯ ನೆನಪಿರಬಹುದು. ದುಡ್ಡಿಲ್ಲದೆ ಕುಳಿತುಕೊಳ್ಳಬಹುದಾಗಿದ್ದ ಜಾಗ ಅದು. ಮೆಟ್ರೋ ಹಾದಿಗೆಂದು ಅದು ಹೋಯಿತು, ಮರಗಳು ಹೋದುವು. ಮುಂದೆ 2013ರಲ್ಲಿ ರೈಲಿನ ಕೆಳಗೆ ಅದೇ ಸ್ಥಳದ ಒಂದು ಭಾಗದಲ್ಲಿ ‘ರಂಗೋಲಿ’ ಎಂಬ ಕಲಾಕೇಂದ್ರವು ಬಂದಿತು. ಚಿನ್ಮಯ ಮಿಷನ್ ಆಸ್ಪತ್ರೆಯ ರಸ್ತೆಯ ವರ್ತಕರು ತಮ್ಮ ಬೀದಿಯ ಮೇಲೆ ಹಾದಿ ಬರಕೂಡದೆಂದು ಹೋರಾಡಿದರು, ಹಾದಿ ಬಂದಿತು. ಲಾಲ್‌ಬಾಗಿನ ಅಂಚನ್ನು ಮುಟ್ಟಿದಾಗ, 2009ರಲ್ಲಿ, ಜನ ಬೀದಿಗೆ ಬಂದು ಮರಗಳ ಪರವಾಗಿ ಕೂಗಿದರು. 2006ರ ಜೂನಿನಲ್ಲಿ ಶಂಕುಸ್ಥಾಪನೆಯಾದ ಈ ಕಾಮಗಾರಿಯ ಮೊದಲ ತುಂಡಿನಲ್ಲಿ ರೈಲು ಓಡಿದ್ದು 2011ರ ಅಕ್ಟೋಬರಿನಲ್ಲಿ. 42 ಕಿಲೋಮೀಟರಿಗೂ ಸ್ವಲ್ಪ ಹೆಚ್ಚಾದ ಮೊದಲನೆಯ ಹಂತ ಪೂರೈಸಿದ್ದು 2017ರ ಜೂನಿನಲ್ಲಿ. ಆರಂಭದಲ್ಲಿ ಹಾಕಿದ ಅಂದಾಜು 6,395 ಕೋಟಿ ರೂಪಾಯಿ. ಮುಗಿಯುವ ಹೊತ್ತಿಗೆ ವೆಚ್ಚವು 13,000 ಕೋಟಿಯನ್ನು ದಾಟಿತ್ತು. ಮದುವೆಯ ಖರ್ಚಿನ ಪಟ್ಟಿಯನ್ನು ಬರೆದು ಬಲ್ಲ ಯಾವ ಗೃಹಿಣಿಗೂ ಇದು ಅತ್ಯಾಶ್ಚರ್ಯವೆನಿಸದು. ಆದರೆ ಮದುವೆಯ ಮನೆಯಲ್ಲಿ ಲೆಕ್ಕವನ್ನು ಕೇಳುವವಳು ಒಬ್ಬಳು ಇದ್ದೇ ಇರುತ್ತಾಳೆ.

ಇಲ್ಲಿ ‘ನಮ್ಮ’ ಎಂಬ ಮಾತನ್ನು ಕುರಿತು ವೈಯಾಕರಣರ ಹುಚ್ಚಿನಿಂದ ಒಂದೆರಡು ಮಾತು ಹೇಳಬೇಕೆನಿಸುತ್ತದೆ. ಆ ರೈಲಿಗೆ ‘ನಮ್ಮ ಮೆಟ್ರೋ’ ಎಂದು ನಾಮಕರಣವಾಗಿದೆ; ಚಿತ್ರಕ್ಕೂ ‘ನಮ್ಮ’ ಎಂದೇ ಹೆಸರು. ನಮ್ಮ ಸೀಮೆಯಲ್ಲಿ ತೆಲುಗರ ನೆರೆಯಿರುವುದರಿಂದ ಇಲ್ಲಿಯ ಜನಕ್ಕೆ ಒಂದು ಸಂಗತಿ ತಿಳಿದಿದೆ. ತೆಲುಗಿನಲ್ಲಿ ಕೇಳುವವನನ್ನೂ ಒಳಗೊಂಡು ‘ನಾವು’ ಎನ್ನಬೇಕಾದರೆ ಒಂದು ಮಾತು, ಅವನನ್ನು ಹೊರಗಿಟ್ಟು ‘ನಾವು’ ಎನ್ನಬೇಕಾದರೆ ಬೇರೊಂದು ಮಾತು. ಮನಮು ಎಂದು ಒಂದು, ಮೇಮು ಎಂದು ಮತ್ತೊಂದು. ಇಂದಿನ ಕನ್ನಡಕ್ಕೆ ಈ ಭೇದವಿಲ್ಲ. ಆದುದರಿಂದ ‘ನಮ್ಮ ಊರು, ನಮ್ಮ ರೈಲು, ನಮ್ಮ ಅಭಿವೃದ್ಧಿ’ ಎಂದು ಫಲಕದ ಮೇಲೆ ಬರೆದರೆ, ಓದುವವನು ಆ ‘ನಮ್ಮ’ದೊಳಗೆ ಇದ್ದಾನೆಯೋ ಹೊರಗೆ ಇದ್ದಾನೆಯೋ ಎಂಬುದು ಫಲಕದಿಂದ ಗೊತ್ತಾಗುವುದಿಲ್ಲ. ಬೀದಿ ಅಗಲಮಾಡುವ ಯಂತ್ರವು ಮನೆಯ ಬಾಗಿಲಿಗೆ ಬಂದ ಮೇಲೆಯೇ ಗೊತ್ತಾಗುವುದು. ಸಾಕ್ಷ್ಯಚಿತ್ರಕಾರನ ಕೆಲಸದಲ್ಲಿ ಅರ್ಧ ಪಾಲು ಈ ಸರ್ವನಾಮವನ್ನು ಬಿಡಿಸಿ ನೋಡುವುದೇ ಎಂದು ನಮಗೆ ತೋರುತ್ತದೆ.

ಇದೆಲ್ಲ ಪಾಶ್ಚಾತ್ಯರಿಂದ ಬಂದ ಹೊಸ ವಿದ್ಯೆ, ಇದರಲ್ಲಿ ನಮ್ಮ ಪೂರ್ವಿಕರಿಗೆ ಪಾಲಿಲ್ಲ ಎಂದು ಕೆಲವರು ತಿಳಿದಿರುವರು. ಯಂತ್ರವು ಅಲ್ಲಿಂದ ಬಂದುದು ನಿಜ; ವಿಚಾರವು ಅಲ್ಲಿಂದ ಬಂದುದಲ್ಲ. ಕೌಟಿಲ್ಯನ ಅರ್ಥಶಾಸ್ತ್ರವನ್ನು ತೆರೆದು ಮೂರನೆಯ ಅಧಿಕರಣವನ್ನು ನೋಡಿರಿ. ಮನೆ, ಹೊಲ, ತೋಟ, ಸೇತುಬಂಧ, ಕೆರೆ ಇವೆಲ್ಲವನ್ನೂ ಅವನು ವಾಸ್ತುವೆಂಬ ಒಂದೇ ಹೆಸರಿನಿಂದ ಕರೆದು, ವಾಸ್ತುವಿನ ವಿಷಯದಲ್ಲಿ ವಿವಾದ ಬಂದರೆ ಅದನ್ನು ನೆರೆಯವರ ಮಾತಿನ ಮೇಲೆ ತೀರ್ಮಾನಿಸಬೇಕೆಂದು ವಿಧಿಸುತ್ತಾನೆ. ದೂರದ ಪಂಡಿತರ ಮಾತಿನ ಮೇಲಲ್ಲ, ಕಟ್ಟಿಸಿದವನ ಮಾತಿನ ಮೇಲೂ ಅಲ್ಲ. ಪಕ್ಕದಲ್ಲಿ ಇದ್ದು ದಿನವೂ ನೋಡಿದವರ ಮಾತಿನ ಮೇಲೆ. ಇದಕ್ಕಿಂತ ಹೆಚ್ಚಾಗಿ ‘ಅವರ್ ಮೆಟ್ರೊಪೊಲಿಸ್’ ಮಾಡಿದವರಾದರೂ ಏನು ಮಾಡಿದರು? ನೆರೆಯವರನ್ನು ಹುಡುಕಿಕೊಂಡು ಹೋಗಿ ಅವರ ಮಾತನ್ನು ಕೇಳಿದರು. ಧರ್ಮಶಾಸ್ತ್ರಕಾರರು ಮತ್ತೊಂದು ಎಚ್ಚರಿಕೆಯನ್ನೂ ಕೊಟ್ಟಿದ್ದಾರೆ. ವ್ಯವಹಾರದಲ್ಲಿ ಹಣದ ಸಂಬಂಧವಿದ್ದವನನ್ನು ಸಾಕ್ಷಿಯನ್ನಾಗಿ ಕರೆಯಕೂಡದೆಂದು ಮನುವು ಹೇಳಿದ್ದಾನೆ. ಈ ಎಚ್ಚರಿಕೆಗೆ ಮುಂದೆ ಬರುವೆವು.

ಕಾಮಗಾರಿ ಕೆಟ್ಟ ಕಥೆಯನ್ನು ಮರೆಮಾಚದೆ ಬರೆದಿಟ್ಟ ನಮ್ಮ ದೇಶದ ಅತಿ ಪ್ರಾಚೀನ ಲೇಖಗಳಲ್ಲಿ ಒಂದು ಗುಜರಾತಿನ ಜುನಾಗಡದ ಬಳಿ, ಗಿರಿನಾರ ಪರ್ವತದ ದಾರಿಯಲ್ಲಿರುವ ಒಂದು ಬಂಡೆಯ ಮೇಲಿದೆ. ಕ್ರಿ. ಶ. 150ರ ಕಾಲದ್ದು, ಮಹಾಕ್ಷತ್ರಪ ರುದ್ರದಾಮನು ಕೆತ್ತಿಸಿದ್ದು. ಸಂಸ್ಕೃತ ಗದ್ಯದಲ್ಲಿ ಬರೆದ ಹಳೆಯ ದೀರ್ಘ ಶಾಸನವೆಂದು ವಿದ್ಯಾರ್ಥಿಗಳು ಅದನ್ನು ಓದುತ್ತಾರೆ. ನಾವು ಮೊದಲು ಓದಿದಾಗ ಅದರ ಸಮಾಸಗಳ ಉದ್ದವನ್ನು ಅಳೆದೆವೇ ಹೊರತು ವಿಷಯವನ್ನು ಅಷ್ಟಾಗಿ ಆಲೋಚಿಸಲಿಲ್ಲ. ಆ ವಯಸ್ಸೇ ಹಾಗೆ. ವಿಷಯವಾದರೋ ಇದು. ಸುದರ್ಶನವೆಂಬ ಕೆರೆಯನ್ನು ಚಂದ್ರಗುಪ್ತ ಮೌರ್ಯನ ಕಾಲದಲ್ಲಿ ಪುಷ್ಯಗುಪ್ತನೆಂಬ ವೈಶ್ಯನು ಕಟ್ಟಿಸಿದನು. ಅಶೋಕನ ಕಾಲದಲ್ಲಿ ತುಷಾಸ್ಫನೆಂಬ ಯವನನು ಅದಕ್ಕೆ ಕಾಲುವೆಗಳನ್ನು ಕೂಡಿಸಿದನು. ಮುಂದೆ ಮಾರ್ಗಶಿರದ ಬಹುಳ ಪಾಡ್ಯದ ದಿನ ಪ್ರಳಯದಂತಹ ಮಳೆ ಬಂದು, ಸುವರ್ಣಸಿಕತಾ, ಪಲಾಶಿನಿ ಮೊದಲಾದ ಹೊಳೆಗಳು ಉಕ್ಕಿ, ಏರಿ ಒಡೆಯಿತು. ಒಡೆದ ಕಂಡಿಯ ಉದ್ದ 420 ಮೊಳ, ಅಗಲ ಅಷ್ಟೆ, ಆಳ 75 ಮೊಳ ಎಂದು ಬಂಡೆಯ ಮೇಲೆ ಲೆಕ್ಕ ಬರೆದಿದೆ. ನೀರೆಲ್ಲ ಹರಿದುಹೋಗಿ ಸುದರ್ಶನವು ‘ದುರ್ದರ್ಶನ’ವಾಯಿತಂತೆ. (ಈ ಶಬ್ದವನ್ನು ದೂರದರ್ಶನವೆಂದು ಓದಬಾರದಾಗಿ ಮಕ್ಕಳಿಗೆ ಸೂಚನೆ.)

ಇನ್ನು ಮುಂದಿನ ಮಾತು ನೋಡಿರಿ. ಕಂಡಿ ಬಹಳ ದೊಡ್ಡದು, ಈ ಕೆಲಸ ಆಗತಕ್ಕದ್ದಲ್ಲ ಎಂದು ಮಂತ್ರಿಗಳು ಹಿಂಜರಿದರು. ಏರಿ ಇನ್ನು ಕಟ್ಟಲ್ಪಡದೆಂದು ತಿಳಿದು ಪ್ರಜೆಗಳು ಹಾಹಾಕಾರ ಮಾಡಿದರು. ಆಗ ಸುವಿಶಾಖನೆಂಬ ಪಹ್ಲವ ಅಧಿಕಾರಿಯು ಕೆಲಸವನ್ನು ಪೂರೈಸಿದನು. ಹಣವು ಅರಸನ ಸ್ವಂತ ಕೋಶದ್ದು; ಪಟ್ಟಣಿಗರನ್ನೂ ಹಳ್ಳಿಗರನ್ನೂ ಕಂದಾಯ, ಬಿಟ್ಟಿ, ಕಾಣಿಕೆಗಳಿಂದ ಪೀಡಿಸದೆ ಮಾಡಿದ್ದು. ಯಾರು ಕಟ್ಟಿದರು, ಯಾವ ದಿನ ಒಡೆಯಿತು, ಎಷ್ಟು ಒಡೆಯಿತು, ಯಾರು ಬೇಡವೆಂದರು, ಯಾರು ಅತ್ತರು, ಹಣ ಯಾರದು, ಮೇಲ್ವಿಚಾರಣೆ ಯಾರದು, ಈ ಏಳು ಪ್ರಶ್ನೆಗಳಿಗೂ ಒಂದು ಬಂಡೆಯ ಮೇಲೆ ಉತ್ತರವಿದೆ. ಇಂದು ಯಾವುದಾದರೂ ಸೇತುವೆಯ ಬುಡದಲ್ಲಿರುವ ಅಮೃತಶಿಲೆಯ ಫಲಕವನ್ನು ಓದಿ ನೋಡಿರಿ: ಉದ್ಘಾಟಿಸಿದವರ ಹೆಸರಿಗೆ ಕೊರತೆಯಿಲ್ಲ, ಈ ಏಳರಲ್ಲಿ ಎಷ್ಟಕ್ಕೆ ಅಲ್ಲಿ ಉತ್ತರ ಸಿಕ್ಕೀತು?

ಅದೇ ಬಂಡೆಯ ಮೇಲೆ ಮುನ್ನೂರು ವರ್ಷಗಳ ತರುವಾಯದ ಸ್ಕಂದಗುಪ್ತನ ಕಾಲದ ಶಾಸನವೂ ಇದೆ. ಅದರ ಪ್ರಕಾರ ಕ್ರಿ. ಶ. 455ರ ಸುಮಾರಿನ ಮಳೆಗಾಲದಲ್ಲಿ ಅದೇ ಕೆರೆ ಮತ್ತೆ ಒಡೆಯಿತು. ಚಕ್ರಪಾಲಿತನೆಂಬವನು ಮತ್ತೆ ಕಟ್ಟಿಸಿದನು. ಅಂದರೆ ಈ ಕೆರೆಯ ಸಾಕ್ಷಿಗಳು ಒಂದು ಸಲ ಹೇಳಿ ಸುಮ್ಮನಾಗಲಿಲ್ಲ.

ಆದರೂ ಒಂದು ಶಂಕೆಯನ್ನು ಎತ್ತಬೇಕು. ರುದ್ರದಾಮನ ಶಾಸನವು ರುದ್ರದಾಮನ ಹಣದಿಂದಲೇ ಕೆತ್ತಿಸಿದ್ದಲ್ಲವೆ? ಜನವನ್ನು ಪೀಡಿಸಲಿಲ್ಲವೆಂದು ಹೇಳಿದವನು ಅರಸ. ಪೀಡೆಯಾಯಿತೋ ಇಲ್ಲವೋ ಎಂದು ಜನರನ್ನು ಕೇಳಿದವರಾರು? ಮನುವಿನ ಎಚ್ಚರಿಕೆ ಇಲ್ಲಿ ನೆನಪಿಗೆ ಬರುತ್ತದೆ. ಸಾಕ್ಷ್ಯಚಿತ್ರಗಳಿಗೂ ಈ ರೋಗವುಂಟು. 1935ರಲ್ಲಿ ಇಂಗ್ಲೆಂಡಿನಲ್ಲಿ ಆರ್ಥರ್ ಎಲ್ಟನ್, ಎಡ್ಗರ್ ಆನ್‌ಸ್ಟಿ ಎಂಬಿಬ್ಬರು ಲಂಡನ್ನಿನ ಬಡವರ ವಾಸದ ದುಃಸ್ಥಿತಿಯನ್ನು ಕುರಿತು ‘ಹೌಸಿಂಗ್ ಪ್ರಾಬ್ಲಮ್ಸ್’ ಎಂಬ ಸಣ್ಣ ಚಿತ್ರವನ್ನು ಮಾಡಿದರು. ಅದುವರೆಗೆ ಬಡವರ ಪರವಾಗಿ ಬೇರೆಯವರು ಮಾತಾಡುತ್ತಿದ್ದರು. ಇದರಲ್ಲಿ ಆ ಓಣಿಯ ಗೃಹಿಣಿಯರೇ ತಮ್ಮ ಮನೆಯೊಳಗೆ ನಿಂತು ಗೋಡೆಯ ಬಿರುಕನ್ನೂ ತಿಗಣೆಯನ್ನೂ ಇಲಿಯ ಕಾಟವನ್ನೂ ತಮ್ಮದೇ ಆಡುಮಾತಿನಲ್ಲಿ ಹೇಳಿದರು. ಆ ಹೆಂಗಸರ ವಿಶ್ವಾಸವನ್ನು ಸಂಪಾದಿಸಿ ಮಾತಾಡಿಸಿದವಳು ಗ್ರಿಯರ್ಸನ್ನನ ತಂಗಿ ರೂಬಿ. ಬಹು ಒಳ್ಳೆಯ ಕೆಲಸ. ಆದರೆ ಚಿತ್ರಕ್ಕೆ ಹಣ ಕೊಟ್ಟವರು ಅನಿಲದ ಕಂಪೆನಿಯವರ ಸಂಘದವರು. ಹಳೆಯ ಗುಡಿಸಲು ಬಿದ್ದು ಹೊಸ ಮನೆ ಎದ್ದರೆ ಅನಿಲದ ಒಲೆಗಳು ಮಾರಾಟವಾಗುತ್ತವೆಯಷ್ಟೆ!

ನಮ್ಮ ದೇಶದಲ್ಲಿಯೂ 1948ರಲ್ಲಿ ಸರಕಾರವು ಫಿಲ್ಮ್ಸ್ ಡಿವಿಜನ್ ಎಂಬ ಸಂಸ್ಥೆಯನ್ನು ಸ್ಥಾಪಿಸಿತು. ನಮ್ಮ ಪ್ರಾಯದ ವಾಚಕರಿಗೆ ಟೆಂಟಿನಲ್ಲಿ ಮುಖ್ಯ ಚಿತ್ರಕ್ಕೆ ಮುಂಚೆ ಬರುತ್ತಿದ್ದ ಆ ಕಪ್ಪುಬಿಳುಪಿನ ತುಣುಕುಗಳು ನೆನಪಿರಬೇಕು. ಅಣೆಕಟ್ಟು ಏಳುತ್ತಿತ್ತು, ಕಾರ್ಖಾನೆ ಹೊಗೆಯಾಡುತ್ತಿತ್ತು, ಗಂಭೀರವಾದ ಒಂದು ಕಂಠ ಹಿಂದಿನಿಂದ ವಿವರಿಸುತ್ತಿತ್ತು. ಅದರಲ್ಲಿ ಕೆಲವು ನಿಜವಾಗಿಯೂ ಒಳ್ಳೆಯವು. ಆದರೆ ಕಟ್ಟಿದವನೇ ಕಟ್ಟಡಕ್ಕೆ ಸಾಕ್ಷಿ ಹೇಳಿದಂತಾಯಿತು. ಆನಂದ ಪಟವರ್ಧನರು 1985ರಲ್ಲಿ ಮುಂಬಯಿಯ ಕಾಲುದಾರಿಯ ನಿವಾಸಿಗಳನ್ನು ಕುರಿತು ‘ಹಮಾರಾ ಶಹರ್’ ಎಂಬ ಚಿತ್ರವನ್ನು ತೆಗೆದಾಗ, ಸರಕಾರದ ಕಂಠವನ್ನು ಬದಿಗಿಟ್ಟು, ಬುಲ್ಡೋಜರಿನ ಮುಂದೆ ನಿಂತವರ ಕಂಠವನ್ನು ಕೇಳಿಸಿದರು. ಅಲ್ಲಿಯೂ ‘ಹಮಾರಾ’ ಎಂಬ ಸರ್ವನಾಮವೇ ಬಂದಿದೆಯೆಂಬುದನ್ನು ವಾಚಕರು ಗಮನಿಸಬೇಕು.

ಈ ಚಿತ್ರಕಾರರಲ್ಲಿ ನಮಗೆ ಗೌರವವುಂಟು. ಆದರೆ ಅವರು ಹೇಳಿದುದೆಲ್ಲ ವೇದವೆಂದು ನಾವು ಒಪ್ಪಲಾರೆವು. ಬೀಳುವ ಮನೆಯು ಕಣ್ಣಿಗೆ ಕಾಣುವಷ್ಟು ಚೆನ್ನಾಗಿ, ಉಳಿದ ಹೊತ್ತು ಕಣ್ಣಿಗೆ ಕಾಣುವುದಿಲ್ಲ. ಎರಡು ಬಸ್ಸು ಬದಲಾಯಿಸಿ ಕತ್ತಲಾದ ಮೇಲೆ ಮನೆ ಸೇರುತ್ತಿದ್ದ ಹೆಣ್ಣುಮಗಳು ಇಂದು ಮೆಟ್ರೋ ಹತ್ತಿ ದೀಪ ಹಚ್ಚುವ ವೇಳೆಗೆ ಮನೆಗೆ ಬಂದರೆ ಅದರಲ್ಲಿ ಚಿತ್ರ ತೆಗೆಯುವಂಥದೇನಿದೆ? ಅವಳು ಬಾಗಿಲು ತೆರೆದು ಒಳಗೆ ಹೋಗುತ್ತಾಳೆ, ಅಷ್ಟೆ. ದಿನಕ್ಕೆ ಲಕ್ಷಾಂತರ ಜನ ಆ ರೈಲಿನಲ್ಲಿ ಓಡಾಡುತ್ತಾರೆ. ನಾವೂ ಬೆಂಗಳೂರಿಗೆ ಹೋದಾಗ ಸಂತೋಷದಿಂದ ಹತ್ತಿದ್ದೇವೆ. ಇನ್ನೊಂದು ಆಕ್ಷೇಪವೂ ಉಂಟು. ಚಿತ್ರವು 2014ರಲ್ಲಿ ಮುಗಿಯಿತು. ಮೊದಲ ಹಂತ ಪೂರೈಸಿದ್ದು 2017ರಲ್ಲಿ. ಅಂಗಡಿ ಕಳೆದುಕೊಂಡವರು ಮುಂದೆ ಹೇಗೆ ಬಾಳಿದರು, ನೆಟ್ಟ ಸಸಿಗಳಲ್ಲಿ ಎಷ್ಟು ಮರವಾದುವು ಎಂಬುದನ್ನು ನೋಡಲು ಯಾರಾದರೂ ಮತ್ತೆ ಅದೇ ಬೀದಿಗೆ ಹೋಗತಕ್ಕದ್ದು. ಗಿರಿನಾರದ ಬಂಡೆಗೆ ಮುನ್ನೂರು ವರ್ಷಗಳ ಬಳಿಕವಾದರೂ ಎರಡನೆಯ ಸಾಕ್ಷಿ ಸಿಕ್ಕನು.

ಆದರೆ ಮತ್ತೊಂದು ಪಕ್ಷವನ್ನೂ ತೂಗಬೇಕು. 2023ರ ಜನವರಿ 10ರಂದು ಬೆಂಗಳೂರಿನ ನಾಗವಾರದ ಬಳಿ ಕಟ್ಟುತ್ತಿದ್ದ ಮೆಟ್ರೋ ಕಂಬದ ಕಬ್ಬಿಣದ ಚೌಕಟ್ಟು ರಸ್ತೆಗೆ ಉರುಳಿ, ದ್ವಿಚಕ್ರ ವಾಹನದಲ್ಲಿ ಹೋಗುತ್ತಿದ್ದ ಒಂದು ಸಂಸಾರದ ಮೇಲೆ ಬಿದ್ದಿತು. ತಾಯಿಯೂ ಎಳೆಯ ಮಗುವೂ ತೀರಿಕೊಂಡರು. ಅಂಥ ದಿನ ಊರೆಲ್ಲ ಕ್ಯಾಮರಾಗಳು ಕೂಡುತ್ತವೆ. ಆ ಚೌಕಟ್ಟನ್ನು ಆನಿಸಿ ನಿಲ್ಲಿಸುವ ಕ್ರಮ ಹೇಗಿತ್ತು, ಯಾರು ದಿನವೂ ನೋಡಬೇಕಾಗಿತ್ತು ಎಂಬುದನ್ನು ಬಿದ್ದ ದಿನಕ್ಕೆ ಮೊದಲು ನಿಂತು ನೋಡುವ ಕ್ಯಾಮರಾ ಎಷ್ಟಿವೆ? ಸುದ್ದಿಗಾರನು ಬಿದ್ದ ಮೇಲೆ ಓಡಿಬರುತ್ತಾನೆ. ಸಾಕ್ಷ್ಯಚಿತ್ರಕಾರನು ಬೀಳುವ ಮೊದಲಿನಿಂದ ಅಲ್ಲಿಯೇ ಇರುತ್ತಾನೆ. ಇಬ್ಬರಿಗೂ ಇರುವ ಅಂತರವನ್ನು ನಾವು ಬೇರೆ ಯಾವ ರೀತಿಯಿಂದಲೂ ಇಷ್ಟು ಸುಲಭವಾಗಿ ಹೇಳಲಾರೆವು.

ಬೆಂಗಳೂರಿನ ಮಾತು ಸಾಕು, ಹಡಗಲಿಗೆ ಬರೋಣ. ಮಲ್ಲಿಗೆಯ ಊರಿನಲ್ಲಿ ಮೆಟ್ರೋ ಇಲ್ಲ, ಬರುವ ಸಂಭವವೂ ಇಲ್ಲ. ಆದರೆ ಕಾಮಗಾರಿಗಳಿಗೆ ಕಡಮೆಯಿಲ್ಲ. ಹಿಂದೆ ಇಲ್ಲಿಯ ಹೂವು ಹಡಗಿನಲ್ಲಿ ಹೊಳೆಯಗುಂಟ ಹಂಪೆಗೆ ಹೋಗುತ್ತಿತ್ತೆಂದೂ ಅದರಿಂದಲೇ ಊರಿಗೆ ಈ ಹೆಸರು ಬಂದಿತೆಂದೂ ಹಿರಿಯರು ಹೇಳುತ್ತಾರೆ. ಇಂದು ಹಡಗಿಗೆ ದಾರಿಯೆಲ್ಲಿ? ನಡುವೆ ತುಂಗಭದ್ರೆಯ ಅಣೆಕಟ್ಟು ನಿಂತಿದೆ. 1945ರಲ್ಲಿ ಮೊದಲಾಗಿ 1953ರಲ್ಲಿ ನೀರು ನಿಲ್ಲಿಸಿದ ಆ ಅಣೆಕಟ್ಟಿನ ಉಪಕಾರವನ್ನು ರಾಯಚೂರು, ಕೊಪ್ಪಳ, ಬಳ್ಳಾರಿಗಳ ಬತ್ತದ ಗದ್ದೆಗಳೇ ಹೇಳುತ್ತವೆ. ಮದರಾಸಿನ ಪಕ್ಷದಿಂದ ತಿರುಮಲೆ ಅಯ್ಯಂಗಾರ್ಯರೇ ಮೊದಲಾದ ಇಂಜಿನಿಯರುಗಳ ಹೆಸರು ಪುಸ್ತಕಗಳಲ್ಲಿ ಉಳಿದಿವೆ, ಉಳಿಯತಕ್ಕದ್ದೇ. ಅದರ ಹಿನ್ನೀರಿನಲ್ಲಿ ಸುಮಾರು 90 ಹಳ್ಳಿಗಳು ಮುಳುಗಿ, ಐವತ್ತು ಸಾವಿರಕ್ಕೂ ಮಿಕ್ಕಿ ಜನ ಎದ್ದುಹೋದರು. ನಾರಾಯಣದೇವರಕೆರೆ ಎಂಬ ಊರು ಹೋಯಿತು. ಅಲ್ಲಿಯ ಜನ ತಮ್ಮ ದೇವರನ್ನೂ ತೇರನ್ನೂ ಕೂಡಿ ಮರಿಯಮ್ಮನಹಳ್ಳಿಗೆ ಬಂದರು. ಆ ದಿನ ಒಲೆ ಆರಿಸಿ ಹೊರಟ ಹೆಂಗಸರು ಏನನ್ನು ಕಟ್ಟಿಕೊಂಡರು, ಏನನ್ನು ಬಿಟ್ಟರು? ಇದಕ್ಕೆ ಸಾಕ್ಷಿ ಹೇಳಬಲ್ಲವರಿಗೆ ಈಗ ಎಂಬತ್ತು ದಾಟಿದೆ.

2024ರ ಆಗಸ್ಟ್ 10ರ ರಾತ್ರಿ ಆ ಅಣೆಕಟ್ಟಿನ 33 ತೂಬುಬಾಗಿಲುಗಳಲ್ಲಿ 19ನೆಯದರ ಸರಪಳಿ ಕಡಿದು ಬಾಗಿಲು ಕೊಚ್ಚಿಹೋಯಿತು. ತುಂಬಿದ ಜಲಾಶಯ; ಬೆಳೆ ನಿಂತ ಕಾಲ. ಸುದರ್ಶನದ ಪ್ರಜೆಗಳಂತೆಯೇ ನಮ್ಮ ರೈತರೂ ಹಾಹಾಕಾರ ಮಾಡಿದರು. ಅನುಭವಸ್ಥರಾದ ಕನ್ನಯ್ಯ ನಾಯ್ಡು ಎಂಬ ತಜ್ಞರ ಮಾರ್ಗದರ್ಶನದಲ್ಲಿ, ಹರಿಯುವ ನೀರಿನೊಳಗೇ ಉಕ್ಕಿನ ಹಲಗೆಗಳನ್ನು ಒಂದರ ಮೇಲೊಂದು ಇಳಿಸಿ, ಒಂದು ವಾರದ ಸುಮಾರಿಗೆ ಕಂಡಿಯನ್ನು ಮುಚ್ಚಿದರು. ಆ ಹಲಗೆಗಳ ಪಕ್ಕದಲ್ಲಿ ಪ್ರಾಣದ ಹಂಗು ತೊರೆದು ನಿಂತ ಕೆಲಸಗಾರರ ಹೆಸರನ್ನು ಯಾವುದಾದರೂ ಕಲ್ಲಿನ ಮೇಲೆ ಬರೆಯಿಸಬೇಕೆಂದು ನಮ್ಮ ಆಶೆ.

ಹೆಸರಿನ ಮಾತು ಬಂದುದರಿಂದ ಹೇಳುತ್ತೇವೆ. ನಮ್ಮ ತಾಲ್ಲೂಕಿನ ಹಿರೇಹಡಗಲಿಯಲ್ಲಿ ಸಿಕ್ಕ ಪಲ್ಲವ ಶಿವಸ್ಕಂದವರ್ಮನ ತಾಮ್ರಶಾಸನವು ಪ್ರಾಕೃತ ಭಾಷೆಯಲ್ಲಿದೆ. ನಾಲ್ಕನೆಯ ಶತಮಾನದ ಸುಮಾರಿನದೆಂದು ಬಲ್ಲವರು ಹೇಳುತ್ತಾರೆ. ದಾನ ಕೊಟ್ಟದ್ದು ಒಂದು ತೋಟವನ್ನು. ಅರಸನ ಬಿರುದುಗಳು ಮುಗಿದ ಬಳಿಕ ಅದರಲ್ಲಿ ಪಾಲುದಾರರ ಪಟ್ಟಿಯಿದೆ. ಇಂಥವನಿಗೆ ಇಷ್ಟು ಪಾಲು, ಇಂಥವನಿಗೆ ಇಷ್ಟು ಎಂದು ಹೆಸರು ಹೆಸರಾಗಿ. ‘ಮತ್ತಿತರರು’ ಎಂದು ಬರೆದು ಕೈತೊಳೆದುಕೊಂಡಿಲ್ಲ.

ನಮ್ಮ ಬೀದಿಯಲ್ಲಿ ಎರಡು ವರ್ಷದ ಹಿಂದೆ ಕೊಳವೆ ಹೂಳುವುದಕ್ಕೆಂದು ಉದ್ದಕ್ಕೂ ಅಗೆದರು. ಮುಚ್ಚುವುದು ತಡವಾಯಿತು. ಮಳೆಗಾಲದಲ್ಲಿ ಅಗಳಿನಲ್ಲಿ ನೀರು ನಿಂತು ಎದುರುಮನೆಯ ಗೋಡೆಯು ಬಿರುಕು ಬಿಟ್ಟಿತು. ಕೇಳಹೋದರೆ, ಬಿರುಕು ಮೊದಲೇ ಇತ್ತೆಂದು ಉತ್ತರ ಬಂದಿತು. ಆ ಮನೆಯ ಅಜ್ಜಿಯು ದೀಪಾವಳಿಗೆ ಸುಣ್ಣ ಬಳಿಸಿದ ದಿನವನ್ನೂ ಅಗೆದ ದಿನವನ್ನೂ ಮಳೆ ಬಂದ ದಿನವನ್ನೂ ಪಂಚಾಂಗದಂತೆ ಒಪ್ಪಿಸಿದರು. ಬಾಯಿಮಾತು ಯಾರಿಗೆ ಬೇಕು? ಆಗ ಅವರ ಮೊಮ್ಮಗಳು, ಪಿ. ಯು. ಓದುವ ಹುಡುಗಿ, ಮೊಬೈಲನ್ನು ತಂದಳು. ಅಣ್ಣನ ನಾಮಕರಣದ ಹಾಡಿನ ದೃಶ್ಯವೊಂದರಲ್ಲಿ ಹಿಂದುಗಡೆ ಅದೇ ಗೋಡೆ, ಬಿರುಕಿಲ್ಲದೆ, ಸುಣ್ಣದಿಂದ ಬೆಳ್ಳಗೆ ನಿಂತಿತ್ತು. ಮೂಲೆಯಲ್ಲಿ ತಾರೀಖೂ ಇತ್ತು. ಗೋಡೆಗೆ ಗಾರೆ ಬಂದಿತು. ಕೌಟಿಲ್ಯನು ಆ ಹುಡುಗಿಯನ್ನು ಕಂಡಿದ್ದರೆ ಮೆಚ್ಚುತ್ತಿದ್ದನು.

ಇದನ್ನು ಕಂಡ ಮೇಲೆ ನಮ್ಮ ಹಳೆಯ ವಿದ್ಯಾರ್ಥಿಯೊಬ್ಬನು, ಬೆಂಗಳೂರಿನಲ್ಲಿ ಚಿತ್ರಗಳನ್ನು ಕತ್ತರಿಸಿ ಜೋಡಿಸುವ ಕೆಲಸದಲ್ಲಿರತಕ್ಕವನು, ಊರಿಗೆ ಬಂದಾಗ ಅದೇ ಅಜ್ಜಿಯ ಮುಂದೆ ಕ್ಯಾಮರಾ ಇಟ್ಟು ಕುಳಿತನು. ಅವರ ತವರು ಹಿನ್ನೀರಿನಲ್ಲಿ ಮುಳುಗಿದ ಊರುಗಳಲ್ಲಿ ಒಂದು. ಅಜ್ಜಿಗೆ ಮೊದಲು ಸಂಕೋಚ.

“ನನ್ನ ಮುಖ ತಗದು ಏನ್ ಮಾಡ್ತೀಯಪ್ಪಾ? ಮಾಸ್ತರ್ರಿಗೆ ಕೇಳು, ಓದಿದವರು ಹೇಳ್ತಾರ.”

“ಮಾಸ್ತರ್ರು ಆ ಊರು ನೋಡಿಲ್ಲಬೇ. ನೀವು ನೋಡೀರಿ” ಎಂದನು ಹುಡುಗ.

ಪಾಣಿನಿಯ ಸೂತ್ರವನ್ನು ಇಷ್ಟು ಚೆನ್ನಾಗಿ ನಾವು ಮೂವತ್ತೈದು ವರ್ಷ ಪಾಠಹೇಳಿಯೂ ತಿಳಿಸಿರಲಿಲ್ಲ. ಅಜ್ಜಿ ಸೆರಗು ಸರಿಮಾಡಿಕೊಂಡು ಶುರುಮಾಡಿದರು. ಅವರಿಗೆ ಆಗ ಏಳು ವರ್ಷ. ಚಕ್ಕಡಿಯ ಮೇಲೆ ಕಣಜದ ಕಾಳು, ಬೀಸುವ ಕಲ್ಲು, ಹೊಸ್ತಿಲ ಮರ ಇವನ್ನು ಹೇರಿದರಂತೆ; ಹಿತ್ತಲ ಬೇವಿನ ಮರಕ್ಕೆ ಅವರ ತಾಯಿ ಅರಿಸಿನ ಕುಂಕುಮ ಹಚ್ಚಿ ಉಡಿ ತುಂಬಿ ಬಂದರಂತೆ. ಊರಿನಲ್ಲಿ ಎಷ್ಟು ಮನೆ, ಯಾರ ಪಕ್ಕಕ್ಕೆ ಯಾರು ಎಂದು ಅಗಸೆಯಿಂದ ಹಿಡಿದು ಒಂದೊಂದಾಗಿ ಹೇಳಿಕೊಂಡು ಹೋಗುವಾಗ ಅವರಿಗೆ ನಮ್ಮ ಕಡೆಗೆ ಗಮನವೇ ಇರಲಿಲ್ಲ. ನಡುವೆ ಒಂದು ಮನೆಯ ಹೆಸರು ಮರೆತು ಬಹಳ ಹೊತ್ತು ಸುಮ್ಮನೆ ಕುಳಿತರು. ಹುಡುಗನು ಕ್ಯಾಮರಾವನ್ನು ನಿಲ್ಲಿಸಲಿಲ್ಲ.

ಅಗಸೆಯಿಂದ ಹನುಮಪ್ಪನ ಗುಡಿಯವರೆಗೆ ಮುಗಿದಿದೆ. ಗುಡಿಯಿಂದ ಹೊಳೆಯ ದಾರಿಯ ಮನೆಗಳು ಇನ್ನೂ ಬಾಕಿ. ಭರತ ಹುಣ್ಣಿಮೆಯ ಮೈಲಾರದ ಜಾತ್ರೆಗೆ ಅವನು ಬರುವವನಿದ್ದಾನೆ. ಆಗ ಉಳಿದುದನ್ನು ಹೇಳುವೆನೆಂದು ಅಜ್ಜಿ ಮಾತು ಕೊಟ್ಟಿದ್ದಾರೆ. ಮರೆತ ಮನೆಯ ಹೆಸರನ್ನು ಮರಿಯಮ್ಮನಹಳ್ಳಿಯಲ್ಲಿರುವ ತಮ್ಮ ತಂಗಿಯನ್ನು ಕೇಳಿ ತರಿಸಿಕೊಳ್ಳಲು ಹೋದ ವಾರವೇ ಹೇಳಿಕಳುಹಿಸಿದರು.